ಅರ್ಜಿ, ರಸೀದಿ, ತಾರೀಖು: ಪರಿಸರ ಪರವಾನಗಿ ತಡವಾದಾಗ ಕಾನೂನು ತೋರಿಸುವ ದಾರಿ

(ಸಂಘದ ವಾರ್ಷಿಕ ಸಭೆಯಲ್ಲಿ ಮಾಡಿದ ಭಾಷಣದ ಬರಹ ರೂಪ)



ಶಿಕ್ಷಣ ಸಂಘದ ಸಭೆಯಲ್ಲಿ ಕಾರ್ಖಾನೆಯ ಪರವಾನಗಿ ಮತ್ತು ಕೋರ್ಟಿನ ಮಾತೇಕೆ ಎಂದು ನಿಮ್ಮಲ್ಲಿ ಕೆಲವರಿಗೆ ಅನಿಸಬಹುದು. ಆದರೆ ನಾವು ಇರುವ ನೆಲವನ್ನು ಒಮ್ಮೆ ನೋಡಿರಿ. ಸೇಡಂ, ಚಿತ್ತಾಪುರ, ವಾಡಿ, ಶಹಾಬಾದ್, ಚಿಂಚೋಳಿ, ಈ ಐದೂ ಊರುಗಳ ಅನ್ನ ಸುಣ್ಣದ ಕಲ್ಲಿನಿಂದ ಬಂದದ್ದು. ವಾಡಿಯಲ್ಲಿ, ಮಳಖೇಡದಲ್ಲಿ, ಸೇಡಂನಲ್ಲಿ, ಚಿತ್ತಾಪುರ ತಾಲೂಕಿನ ಇಟಗಾದಲ್ಲಿ, ಚಿಂಚೋಳಿಯ ಛತ್ರಸಾಲದಲ್ಲಿ ದೊಡ್ಡ ಸಿಮೆಂಟ್ ಕಾರ್ಖಾನೆಗಳಿವೆ. ಶಹಾಬಾದಿನ ಹೆಸರಂತೂ ಫರ್ಸಿ ಕಲ್ಲಿನ ಜೊತೆಗೇ ದೇಶವನ್ನೆಲ್ಲ ಸುತ್ತಿದೆ. ನಮ್ಮ ಶಾಲೆಗೆ ಬರುವ ಎಷ್ಟೋ ಮಕ್ಕಳ ತಂದೆಯರು ಖಣಿಯಲ್ಲಿ, ಪಾಲಿಶ್ ಮಷಿನ್ ಮೇಲೆ, ಲಾರಿಯಲ್ಲಿ, ಪ್ಯಾಕಿಂಗ್ ಪ್ಲಾಂಟಿನಲ್ಲಿ ದುಡಿಯುತ್ತಾರೆ. ನಾಳೆ ಇವೇ ಮಕ್ಕಳು ಓದು ಮುಗಿಸಿ ಚಿಕ್ಕದೊಂದು ಉದ್ಯೋಗ ಹಾಕಲು ಹೊರಟರೆ ಅವರು ಮೊದಲು ತಟ್ಟಬೇಕಾದ ಬಾಗಿಲು ಪರವಾನಗಿ ಕಚೇರಿಯದು. ಆ ಬಾಗಿಲು ತೆರೆಯದೆ ಹೋದಾಗ ಏನು ಮಾಡಬೇಕೆಂಬುದನ್ನು ನಮ್ಮ ಯಾವ ಪಠ್ಯಪುಸ್ತಕವೂ ಕಲಿಸುವುದಿಲ್ಲ. ಆದ್ದರಿಂದ ಈ ವಿಷಯವನ್ನು ಆಯ್ದುಕೊಂಡಿದ್ದೇನೆ.

ಉರ್ದು ಮತ್ತು ಕನ್ನಡ ಎರಡನ್ನೂ ಕಲಿಸುವವನಾದ್ದರಿಂದ ಒಂದು ಸಣ್ಣ ಮಾತು ಹೇಳುತ್ತೇನೆ. ಅರ್ಜಿ, ರಸೀದಿ, ತಾರೀಖು, ವಕೀಲ, ಈ ನಾಲ್ಕೂ ಶಬ್ದಗಳು ಅರಬಿ-ಫಾರಸಿಯಿಂದ ಉರ್ದುವಿಗೂ ಬಂದವು, ಕನ್ನಡಕ್ಕೂ ಬಂದವು. ನಮ್ಮ ಅಜ್ಜಂದಿರ ಕಾಲದ ಕಚೇರಿಗಳಲ್ಲೂ ಇವೇ ಇದ್ದವು, ಇಂದೂ ಇವೇ ಇವೆ. ಇವತ್ತಿನ ನನ್ನ ಮಾತಿನ ಸಾರವೂ ಈ ನಾಲ್ಕು ಶಬ್ದಗಳಲ್ಲೇ ಇದೆ. ಅರ್ಜಿ ಪೂರ್ತಿಯಾಗಿರಲಿ, ರಸೀದಿ ಕೈಯಲ್ಲಿರಲಿ, ತಾರೀಖು ನೆನಪಿರಲಿ. ಇವು ಮೂರೂ ಇದ್ದರೆ ವಕೀಲರ ಕೆಲಸ ಅರ್ಧ ಮುಗಿದಂತೆ.

ಯಾವ ಯಾವ ಪರವಾನಗಿ?

ಚಿಕ್ಕ ಉದ್ದಿಮೆಗೆ ಮುಖ್ಯವಾಗಿ ಬೇಕಾದದ್ದು ಕರ್ನಾಟಕ ರಾಜ್ಯ ಮಾಲಿನ್ಯ ನಿಯಂತ್ರಣ ಮಂಡಳಿಯ ಸಮ್ಮತಿ. ಕಟ್ಟುವ ಮೊದಲು ಸ್ಥಾಪನೆಗೆ ಒಂದು ಸಮ್ಮತಿ, ಮಷಿನ್ ಚಾಲೂ ಮಾಡುವ ಮೊದಲು ಕಾರ್ಯಾಚರಣೆಗೆ ಇನ್ನೊಂದು. ಹೊರಬಿಡುವ ನೀರಿಗೆ 1974ರ ಜಲ ಕಾಯ್ದೆ, ಹೊಗೆ ಮತ್ತು ಧೂಳಿಗೆ 1981ರ ವಾಯು ಕಾಯ್ದೆ. ಫರ್ಸಿ ಪಾಲಿಶ್ ಮಾಡುವಾಗ ಕಲ್ಲುಪುಡಿ ಬೆರೆತ ಕೆಸರು ನೀರು ಹೊರಗೆ ಬರುತ್ತದಲ್ಲವೇ, ಅದಕ್ಕೆ ಜಲ ಕಾಯ್ದೆ. ಕಲ್ಲು ಕೊಯ್ಯುವಾಗ ಏಳುವ ಧೂಳಿಗೆ ವಾಯು ಕಾಯ್ದೆ.

ಗಣಿ, ಕಲ್ಲಿನ ಖಣಿ, ಸಿಮೆಂಟ್ ಕಾರ್ಖಾನೆ ಇಂಥವುಗಳಿಗೆ ಇದರ ಜೊತೆಗೆ 2006ರ ಸೆಪ್ಟೆಂಬರ್ 14ರ ಕೇಂದ್ರ ಅಧಿಸೂಚನೆಯಂತೆ ಪರಿಸರ ಅನುಮತಿಯೂ ಬೇಕು. ವರ್ಷಕ್ಕೆ 10 ಲಕ್ಷ ಟನ್ ಹಾಗೂ ಅದಕ್ಕಿಂತ ಹೆಚ್ಚಿನ ಸಿಮೆಂಟ್ ಕಾರ್ಖಾನೆಯ ಕಡತ ದೆಹಲಿಗೆ ಹೋಗುತ್ತದೆ. ಸಣ್ಣವುಗಳ ಕಡತ ಬೆಂಗಳೂರಿನಲ್ಲಿರುವ ರಾಜ್ಯ ಮಟ್ಟದ ಪ್ರಾಧಿಕಾರಕ್ಕೆ ಹೋಗುತ್ತದೆ.

ಕಲ್ಲಿನ ಖಣಿಗಳ ಕಡತಗಳು ತಡವಾಗುವುದಕ್ಕೆ ಒಂದು ಹಿನ್ನೆಲೆಯಿದೆ. ಮೊದಲು 5 ಹೆಕ್ಟೇರಿಗಿಂತ ಚಿಕ್ಕ ಖಣಿಗಳಿಗೆ ಈ ಅನುಮತಿ ಬೇಕಿರಲಿಲ್ಲ. 2012ರ ಫೆಬ್ರವರಿ 27ರಂದು ದೀಪಕ್ ಕುಮಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಚಿಕ್ಕ ಖಣಿಗಳಿಗೂ ಇದು ಬೇಕೇ ಬೇಕು ಎಂದಿತು. 2016ರಲ್ಲಿ ಕೇಂದ್ರ ಸರಕಾರ ಜಿಲ್ಲಾಧಿಕಾರಿಗಳ ಅಧ್ಯಕ್ಷತೆಯಲ್ಲಿ ಜಿಲ್ಲಾ ಮಟ್ಟದ ಪ್ರಾಧಿಕಾರಗಳನ್ನು ಮಾಡಿ ಈ ಕೆಲಸವನ್ನು ಹತ್ತಿರ ತಂದಿತು. 2018ರಲ್ಲಿ ರಾಷ್ಟ್ರೀಯ ಹಸಿರು ನ್ಯಾಯಮಂಡಳಿ ಆ ಏರ್ಪಾಟನ್ನು ಒಪ್ಪಲಿಲ್ಲ. ಕಡತಗಳು ಮತ್ತೆ ರಾಜ್ಯ ಪ್ರಾಧಿಕಾರದ ಕಡೆಗೆ ತಿರುಗಿದವು. ಎರಡು ಎಕರೆ ಖಣಿಯವನ ಕಡತವೂ ರಾಜಧಾನಿಯ ಮೇಜಿನ ಮೇಲೆ ಸರದಿಯಲ್ಲಿ ನಿಲ್ಲಬೇಕಾಗಿ ಬಂದದ್ದು ಹೀಗೆ.

ತಡವೆಂದರೆ ಎಷ್ಟು ನಷ್ಟ?

‘ದೇರ್ ಆಯದ್ ದುರುಸ್ತ್ ಆಯದ್’ ಎಂದು ನಮ್ಮ ಹಿರಿಯರು ಹೇಳುತ್ತಾರೆ. ತಡವಾಗಿ ಬಂದರೂ ಸರಿಯಾಗಿ ಬಂತು ಎಂಬ ಸಮಾಧಾನದ ಮಾತು ಅದು. ಬ್ಯಾಂಕಿನವರು ಮಾತ್ರ ಈ ಗಾದೆಯನ್ನು ಒಪ್ಪುವುದಿಲ್ಲ. ಒಬ್ಬ ಯುವಕ ಪಾಲಿಶ್ ಕಾರ್ಖಾನೆಗೆಂದು ಹತ್ತು ಲಕ್ಷ ಸಾಲ ತೆಗೆದನೆಂದು ಇಟ್ಟುಕೊಳ್ಳಿ. ವರ್ಷಕ್ಕೆ ಶೇಕಡಾ 12ರ ಬಡ್ಡಿಯೆಂದರೆ ತಿಂಗಳಿಗೆ ಹತ್ತು ಸಾವಿರ. ಕಡತ ಒಂದು ವರ್ಷ ಕದಲದಿದ್ದರೆ ಒಂದೂ ಕಲ್ಲು ಕೊಯ್ಯದೆ ಒಂದು ಲಕ್ಷ ಇಪ್ಪತ್ತು ಸಾವಿರ ರೂಪಾಯಿ ಹೋಯಿತು. ತರಿಸಿದ ಮಷಿನ್ ತುಕ್ಕು ಹಿಡಿಯುತ್ತದೆ, ಮಾತು ಕೊಟ್ಟಿದ್ದ ಕೆಲಸಗಾರರು ಬೇರೆ ಊರಿಗೆ ಹೋಗುತ್ತಾರೆ. ಮನೆಯಲ್ಲಿ ಮೊದಲು ನಿಲ್ಲುವುದು ಯಾವುದು? ಹೆಣ್ಣುಮಗಳ ಕಾಲೇಜು ಫೀಸು. ಆದ್ದರಿಂದ ಇದು ಶಿಕ್ಷಣ ಸಂಘದ ವಿಷಯವೂ ಹೌದು.

ಹೀಗೆ ಕಾಯುತ್ತಾ ಕುಳಿತವನ ಮುಂದೆ ಎರಡು ಅಡ್ಡದಾರಿಗಳು ಕಾಣುತ್ತವೆ. ಒಂದು, ‘ನಾನು ಮಾಡಿಸಿಕೊಡುತ್ತೇನೆ’ ಎನ್ನುವ ದಲಾಲಿ. ಇನ್ನೊಂದು, ‘ಎಲ್ಲರೂ ಹಾಗೇ ನಡೆಸುತ್ತಾರೆ’ ಎಂದು ಪರವಾನಗಿ ಇಲ್ಲದೆ ಮಷಿನ್ ಚಾಲೂ ಮಾಡುವುದು. ಮೊದಲನೆಯದು ಅಪರಾಧ, ಕೊಟ್ಟ ಹಣಕ್ಕೆ ರಸೀದಿಯೂ ಇಲ್ಲ. ಎರಡನೆಯದೂ ಶಿಕ್ಷಾರ್ಹ, ಒಂದು ದೂರು ಬಂದರೆ ಸಾಕು, ವಿದ್ಯುತ್ ಸಂಪರ್ಕ ಕಡಿದು ಬೀಗ ಹಾಕಿಸುವ ಅಧಿಕಾರ ಮಂಡಳಿಗೆ ಇದೆ. ಮೊದಲು ಕಟ್ಟಿ ಆಮೇಲೆ ಪರಿಸರ ಅನುಮತಿ ಪಡೆಯುವ ಪದ್ಧತಿಯನ್ನು 2025ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟು ವನಶಕ್ತಿ ಪ್ರಕರಣದಲ್ಲಿ ರದ್ದು ಮಾಡಿತ್ತು. ಅದೇ ನವೆಂಬರಿನಲ್ಲಿ ಮೂವರ ಪೀಠ ಬಹುಮತದಿಂದ ಆ ತೀರ್ಪನ್ನು ಹಿಂತೆಗೆದುಕೊಂಡಿತು. ಆರು ತಿಂಗಳಲ್ಲಿ ಹೀಗೆ ಅಲುಗಾಡಿದ ನೆಲದ ಮೇಲೆ ಬಡವನು ತನ್ನ ಬಂಡವಾಳ ಇಡಬಾರದು.

ಕಾನೂನಿನ ಗಡಿಯಾರ

ಕಾನೂನು ಅರ್ಜಿದಾರನಿಗೆ ಮಾತ್ರ ಅವಧಿ ಹಾಕಿದೆ ಎಂದು ಬಹಳ ಜನ ತಿಳಿದಿದ್ದಾರೆ. ಅಧಿಕಾರಿಗೂ ಅವಧಿ ಇದೆ.

ಜಲ ಕಾಯ್ದೆಯ ಕಲಂ 25ರ ಏಳನೇ ಉಪಕಲಂ ಪ್ರಕಾರ, ಎಲ್ಲ ರೀತಿಯಿಂದ ಪೂರ್ಣವಾದ ಅರ್ಜಿ ಕೊಟ್ಟು ನಾಲ್ಕು ತಿಂಗಳಾದರೂ ಮಂಡಳಿ ಒಪ್ಪಿಗೆಯನ್ನೂ ಕೊಡದೆ ನಿರಾಕರಣೆಯನ್ನೂ ತಿಳಿಸದೆ ಇದ್ದರೆ, ಸಮ್ಮತಿ ಕೊಟ್ಟಂತೆಯೇ ಎಂದು ಭಾವಿಸಲಾಗುತ್ತದೆ. ವಾಯು ಕಾಯ್ದೆಯ ಕಲಂ 21 ಕೂಡ ನಾಲ್ಕು ತಿಂಗಳೊಳಗೆ ಲಿಖಿತ ಆದೇಶ ಕೊಡಬೇಕು, ಕಾರಣಗಳನ್ನು ಬರೆಯಬೇಕು ಎನ್ನುತ್ತದೆ. ಆದರೆ ‘ಕೊಟ್ಟಂತೆಯೇ’ ಎಂಬ ಮಾತು ಆ ಕಲಮಿನಲ್ಲಿ ಇಲ್ಲ. ಈ ವ್ಯತ್ಯಾಸವನ್ನು ಮರೆಯಬೇಡಿರಿ. ನೀರಿನ ಸಮ್ಮತಿ ತಾನಾಗಿಯೇ ಸಿಕ್ಕಿತೆಂದು ಧೂಳೆಬ್ಬಿಸುವ ಮಷಿನ್ ನಡೆಸಲು ಬರುವುದಿಲ್ಲ.

ಪರಿಸರ ಅನುಮತಿಗೂ ಲೆಕ್ಕವಿದೆ. ಸಾರ್ವಜನಿಕ ಅಹವಾಲು ಸಭೆಯ ಕೆಲಸವನ್ನು ಮಂಡಳಿ 45 ದಿನಗಳಲ್ಲಿ ಮುಗಿಸಬೇಕು. ತಜ್ಞರ ಸಮಿತಿ 60 ದಿನಗಳಲ್ಲಿ ಪರಿಶೀಲಿಸಬೇಕು. ಅವರ ಶಿಫಾರಸು ಬಂದ 45 ದಿನಗಳಲ್ಲಿ ಪ್ರಾಧಿಕಾರ ತೀರ್ಮಾನ ತಿಳಿಸಬೇಕು. ತಿಳಿಸದಿದ್ದರೆ ತಜ್ಞರ ಸಮಿತಿಯ ಕೊನೆಯ ಶಿಫಾರಸು ಏನಿದೆಯೋ ಅದೇ ತೀರ್ಮಾನವೆಂದು ಅರ್ಜಿದಾರ ಮುಂದುವರಿಯಬಹುದು. ಶಿಫಾರಸು ‘ಬೇಡ’ ಎಂದಿದ್ದರೆ ಮೌನದ ಅರ್ಥವೂ ‘ಬೇಡ’ ಎಂದೇ.

ಇಲ್ಲಿ ಒಂದು ಎಚ್ಚರಿಕೆ. ಇಡೀ ಲೆಕ್ಕ ನಿಂತಿರುವುದು ‘ಪೂರ್ಣವಾದ ಅರ್ಜಿ’ ಎಂಬ ಎರಡು ಶಬ್ದಗಳ ಮೇಲೆ. ಜಮೀನಿನ ಕಾಗದ ಇಲ್ಲ, ನಕಾಶೆ ಇಲ್ಲ, ಕೆಸರು ನೀರು ಇಳಿಸುವ ತೊಟ್ಟಿಯ ವಿವರ ಇಲ್ಲ, ಫೀಸು ಕಡಿಮೆ ಕಟ್ಟಿದೆ ಎಂದರೆ ಗಡಿಯಾರ ಶುರುವಾಗುವುದೇ ಇಲ್ಲ. ಆದ್ದರಿಂದ ‘ಕೊಟ್ಟಂತೆಯೇ’ ಎಂಬ ಸಮ್ಮತಿಯನ್ನು ನಂಬಿ ನೇರವಾಗಿ ಕೆಲಸ ಶುರು ಮಾಡುವುದಕ್ಕಿಂತ, ಅವಧಿ ಮುಗಿದಿದೆ ಎಂದು ಮಂಡಳಿಗೆ ಬರೆದು ತಿಳಿಸಿ, ವಕೀಲರನ್ನು ಕೇಳಿ ಮುಂದುವರಿಯುವುದು ಜಾಣತನ. ಅವಧಿಗಳು ಕಾಲಕಾಲಕ್ಕೆ ತಿದ್ದುಪಡಿಯಾಗುವುದರಿಂದ ಅರ್ಜಿ ಹಾಕುವ ದಿನದ ನಿಯಮವನ್ನು ನೋಡಿಕೊಳ್ಳಿರಿ.

ಒಂದೊಂದೇ ಮೆಟ್ಟಿಲು

ಈಗ ಮುಖ್ಯ ಪ್ರಶ್ನೆ. ಅವಧಿ ಮುಗಿಯಿತು, ಉತ್ತರ ಬರಲಿಲ್ಲ. ಏನು ಮಾಡಬೇಕು?

ಮೊದಲನೆಯ ಮೆಟ್ಟಿಲು ರಸೀದಿ. ಆನ್‌ಲೈನ್ ಅರ್ಜಿಯಾದರೆ ಸ್ವೀಕೃತಿ ಸಂಖ್ಯೆಯ ಮುದ್ರಿತ ಪ್ರತಿ ತೆಗೆದಿಡಿರಿ. ಕಾಗದವಾದರೆ ಪ್ರತಿಯ ಮೇಲೆ ಕಚೇರಿಯ ಮೊಹರು ಮತ್ತು ತಾರೀಖು ಹಾಕಿಸಿಕೊಳ್ಳಿರಿ. ಅವರು ಕೇಳಿದ ಪ್ರತಿ ವಿವರಣೆಗೂ ಬರಹದಲ್ಲಿ ಉತ್ತರ ಕೊಡಿರಿ. ಫೋನಿನಲ್ಲಿ ಹೇಳಿದ್ದು ಕೋರ್ಟಿನಲ್ಲಿ ನಿಲ್ಲುವುದಿಲ್ಲ.

ಎರಡನೆಯದು ನೆನಪೋಲೆ. ಇಂಥ ದಿನ ಅರ್ಜಿ ಕೊಟ್ಟಿದ್ದೇನೆ, ಇಂಥ ಕಲಮಿನ ಅವಧಿ ಇಂಥ ದಿನ ಮುಗಿದಿದೆ, ದಯವಿಟ್ಟು ತೀರ್ಮಾನ ತಿಳಿಸಿರಿ ಎಂದು ನಾಲ್ಕು ಸಾಲು ಬರೆದು ಸ್ಪೀಡ್ ಪೋಸ್ಟಿನಲ್ಲಿ ಕಳಿಸಿರಿ. ಮುಂದೆ ಹೈಕೋರ್ಟಿನಲ್ಲಿ ‘ಕೇಳಿಕೊಂಡರೂ ಮಾಡಲಿಲ್ಲ’ ಎಂದು ತೋರಿಸುವುದಕ್ಕೆ ಈ ನಾಲ್ಕು ಸಾಲೇ ಆಧಾರ.

ಮೂರನೆಯದು 2005ರ ಮಾಹಿತಿ ಹಕ್ಕು ಕಾಯ್ದೆ. ಕಡತ ಯಾವ ದಿನ ಯಾರ ಮೇಜಿಗೆ ಹೋಯಿತು, ಅದರ ಮೇಲೆ ಏನು ಟಿಪ್ಪಣಿ ಇದೆ ಎಂದು ಕೇಳಿರಿ. 30 ದಿನಗಳಲ್ಲಿ ಮಾಹಿತಿ ಕೊಡಬೇಕು. ಎಷ್ಟೋ ಕಡತಗಳು ಈ ಪ್ರಶ್ನೆ ಬಂದ ಮೇಲೆಯೇ ಎದ್ದು ನಡೆಯುತ್ತವೆ. ಇದರ ಜೊತೆಗೆ ನಿಮಗೆ ಬೇಕಾದ ಸೇವೆ ಸಕಾಲ ಪಟ್ಟಿಯಲ್ಲಿದೆಯೇ ನೋಡಿರಿ. 2011ರಲ್ಲಿ ಬಂದ ಆ ಕಾಯ್ದೆ 2012ರ ಏಪ್ರಿಲ್‌ನಿಂದ ರಾಜ್ಯದಾದ್ಯಂತ ಜಾರಿಯಾಯಿತು. ತಡವಾದರೆ ದಿನಕ್ಕೆ 20 ರೂಪಾಯಿಯಂತೆ, ಹೆಚ್ಚೆಂದರೆ 500 ರೂಪಾಯಿ ಪರಿಹಾರ. ಹಣ ಚಿಕ್ಕದು, ಮೇಲಧಿಕಾರಿಯ ಮುಂದೆ ತಡಕ್ಕೆ ಕಾರಣ ಹೇಳಬೇಕಾಗುವುದು ದೊಡ್ಡದು. ಜಿಲ್ಲಾಧಿಕಾರಿಗಳ ಅಧ್ಯಕ್ಷತೆಯ ಏಕಗವಾಕ್ಷಿ ಸಮಿತಿಗೂ ಬರೆಯಬಹುದು.

ನಾಲ್ಕನೆಯದು ಮೇಲ್ಮನವಿ. ಇದು ಮಂಡಳಿ ‘ಇಲ್ಲ’ ಎಂದಾಗ, ಅಥವಾ ನಿಭಾಯಿಸಲಾಗದ ಷರತ್ತು ಹಾಕಿದಾಗ ಬಳಸುವ ದಾರಿ. ಜಲ ಕಾಯ್ದೆಯ ಕಲಂ 28, ವಾಯು ಕಾಯ್ದೆಯ ಕಲಂ 31ರಂತೆ ಆದೇಶ ಕೈ ಸೇರಿದ 30 ದಿನಗಳೊಳಗೆ ಮೇಲ್ಮನವಿ ಪ್ರಾಧಿಕಾರಕ್ಕೆ ಹೋಗಬೇಕು. ಅಲ್ಲಿಯೂ ಸೋತರೆ ಚೆನ್ನೈನಲ್ಲಿರುವ ಹಸಿರು ನ್ಯಾಯಮಂಡಳಿಯ ದಕ್ಷಿಣ ಪೀಠ. ಮಧ್ಯದ ಮೆಟ್ಟಿಲು ಹಾರಿ ನೇರ ಅಲ್ಲಿಗೆ ಹೋಗಲು ಬರುವುದಿಲ್ಲ. 2019ರಲ್ಲಿ ತೂತುಕುಡಿಯ ಸ್ಟೆರ್ಲೈಟ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಇದನ್ನು ಸ್ಪಷ್ಟಪಡಿಸಿದೆ. ಪರಿಸರ ಅನುಮತಿ ನಿರಾಕರಿಸಿದ ಆದೇಶದ ಮೇಲಾದರೆ ನೇರವಾಗಿ ನ್ಯಾಯಮಂಡಳಿಗೇ ಮೇಲ್ಮನವಿ. 30 ದಿನ ಅವಧಿ. ಸರಿಯಾದ ಕಾರಣವಿದ್ದರೆ ಇನ್ನೂ 60 ದಿನ. ಆ ಗಡಿ ದಾಟಿದರೆ ಬಾಗಿಲು ಮುಚ್ಚುತ್ತದೆ.

ಐದನೆಯದು ಹೈಕೋರ್ಟ್. ‘ಇಲ್ಲ’ ಎಂಬ ಆದೇಶವಿದ್ದರೆ ಮೇಲ್ಮನವಿ ಮಾಡಬಹುದು. ಆದೇಶವೇ ಇಲ್ಲದಿದ್ದರೆ ಯಾವುದರ ಮೇಲೆ ಮೇಲ್ಮನವಿ ಮಾಡುವುದು? ಮೌನಕ್ಕೆ ಔಷಧ ಸಂವಿಧಾನದ 226ನೇ ವಿಧಿಯಲ್ಲಿದೆ. ಕಾನೂನು ಮಾಡಲೇಬೇಕೆಂದು ಹೇಳಿದ ಕೆಲಸವನ್ನು ಅಧಿಕಾರಿ ಮಾಡದಿದ್ದರೆ ‘ಮಾಡು’ ಎಂದು ಆಜ್ಞೆ ಕೊಡುವ ರಿಟ್ಟಿಗೆ ಮ್ಯಾಂಡಮಸ್ ಎಂದು ಹೆಸರು. ಇದಕ್ಕಾಗಿ ಹಿಂದಿನವರಂತೆ ರಾತ್ರಿ ರೈಲು ಹತ್ತಿ ಬೆಂಗಳೂರಿಗೆ ಹೋಗಬೇಕಿಲ್ಲ. 2008ರಲ್ಲಿ ಸಂಚಾರಿ ಪೀಠವಾಗಿ ಶುರುವಾಗಿ 2013ರಲ್ಲಿ ಕಾಯಂ ಆದ ಹೈಕೋರ್ಟ್ ಪೀಠ ನಮ್ಮ ಕಲಬುರಗಿಯಲ್ಲೇ ಇದೆ.

ವಕೀಲರ ಖರ್ಚಿಗೆ ಹೆದರಬೇಡಿರಿ. 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯಂತೆ ಎಲ್ಲ ಮಹಿಳೆಯರಿಗೆ, ಪರಿಶಿಷ್ಟ ಜಾತಿ-ಪಂಗಡದವರಿಗೆ, ಕೈಗಾರಿಕಾ ಕಾರ್ಮಿಕರಿಗೆ, ಕಡಿಮೆ ವರಮಾನದವರಿಗೆ ಉಚಿತ ಕಾನೂನು ನೆರವು ಸಿಗುತ್ತದೆ. ತಾಲೂಕು ನ್ಯಾಯಾಲಯದ ಆವರಣದಲ್ಲಿರುವ ಕಾನೂನು ಸೇವಾ ಸಮಿತಿಯಲ್ಲಿ ವಿಚಾರಿಸಿರಿ.

ಕೋರ್ಟು ಏನು ಕೊಡುತ್ತದೆ, ಏನು ಕೊಡುವುದಿಲ್ಲ

ಇದನ್ನು ಸರಿಯಾಗಿ ತಿಳಿಯದೆ ಹೋದವರು ನಿರಾಶರಾಗಿ ಬರುತ್ತಾರೆ. ಹೈಕೋರ್ಟು ಸಾಮಾನ್ಯವಾಗಿ ತಾನೇ ಪರವಾನಗಿ ಬರೆದುಕೊಡುವುದಿಲ್ಲ. ‘ಇಷ್ಟು ವಾರಗಳೊಳಗೆ ಕಾನೂನಿನಂತೆ ತೀರ್ಮಾನಿಸಿ’ ಎಂದು ಅಧಿಕಾರಿಗೆ ಗಡುವು ಹಾಕುತ್ತದೆ. ಬರುವ ತೀರ್ಮಾನ ‘ಹೌದು’ ಆಗಬಹುದು, ‘ಇಲ್ಲ’ ಆಗಬಹುದು. ಇದರಿಂದೇನು ಲಾಭವೆಂದರೆ, ‘ಇಲ್ಲ’ ಎಂದರೂ ಕಾರಣ ಬರೆಯಬೇಕು. ಕಾರಣ ಗೊತ್ತಾದರೆ ಕುಂದು ತಿದ್ದಬಹುದು, ಮೇಲ್ಮನವಿ ಮಾಡಬಹುದು, ಅಥವಾ ಸಾಲ ಇನ್ನೂ ಬೆಳೆಯುವ ಮೊದಲು ಆ ಯೋಜನೆ ಬಿಟ್ಟು ಬೇರೆ ದಾರಿ ಹಿಡಿಯಬಹುದು. ತಡದಿಂದಾದ ನಷ್ಟವನ್ನು ಕೋರ್ಟು ತುಂಬಿಕೊಡುವುದು ಅಪರೂಪ. ನಿಮಗೆ ಹಕ್ಕಿರುವುದು ಸಮಯಕ್ಕೆ ಸರಿಯಾದ, ಕಾರಣ ಸಹಿತವಾದ ಉತ್ತರಕ್ಕೆ.

ಉತ್ತರ ‘ಇಲ್ಲ’ ಆಗಿರುವುದೂ ನ್ಯಾಯವಾಗಿರಬಹುದು. ಇದಕ್ಕೆ ನಮ್ಮ ಮಗ್ಗುಲಿನ ಹೈದರಾಬಾದಿನ ಉದಾಹರಣೆ ಕೊಡುತ್ತೇನೆ. 1908ರ ಮೂಸಿ ನದಿಯ ಮಹಾಪೂರದ ನಂತರ ನಿಜಾಮರ ಸರಕಾರ ಉಸ್ಮಾನ್ ಸಾಗರ, ಹಿಮಾಯತ್ ಸಾಗರ ಎಂಬ ಎರಡು ಜಲಾಶಯ ಕಟ್ಟಿಸಿತು. ಆ ನೀರು ಕುಡಿದವರು ನಮ್ಮ ಸಂಬಂಧಿಕರಲ್ಲೂ ಎಷ್ಟೋ ಜನ ಇದ್ದಾರೆ. ಅವುಗಳ ಸುತ್ತ 10 ಕಿಲೋಮೀಟರಿನೊಳಗೆ ಮಾಲಿನ್ಯ ಮಾಡುವ ಕಾರ್ಖಾನೆ ಬೇಡವೆಂದು ಸರಕಾರ ನಿರ್ಬಂಧ ಹಾಕಿತ್ತು. ಒಂದು ಕಂಪನಿ 1995ರಲ್ಲಿ ಆ ಮಿತಿಯೊಳಗೇ ಜಮೀನು ಕೊಂಡು ಹರಳೆಣ್ಣೆಯ ಉತ್ಪನ್ನಗಳ ಕಾರ್ಖಾನೆಗೆ ಮುಂದಾಯಿತು. 1997ರಲ್ಲಿ ಮಂಡಳಿ ಸಮ್ಮತಿ ನಿರಾಕರಿಸಿತು. 1998ರಲ್ಲಿ ಮೇಲ್ಮನವಿ ಪ್ರಾಧಿಕಾರ ಕಂಪನಿಯ ಕಡೆಗೆ ಆದೇಶ ಕೊಟ್ಟಿತು. ಪ್ರಕರಣ ಸುಪ್ರೀಂ ಕೋರ್ಟಿಗೆ ಹೋಯಿತು. 1999ರಲ್ಲಿ ಕೋರ್ಟು ವೈಜ್ಞಾನಿಕ ಅಭಿಪ್ರಾಯ ಕೇಳಿ, 2000ದ ಡಿಸೆಂಬರ್ 1ರಂದು ಮಂಡಳಿಯ ಪರವಾಗಿ ತೀರ್ಪು ಕೊಟ್ಟಿತು. ಲಕ್ಷಾಂತರ ಜನರ ಕುಡಿಯುವ ನೀರಿನ ಮುಂದೆ ಒಬ್ಬ ಕಂಪನಿಗೆ ವಿನಾಯಿತಿ ಕೊಡಲು ಬರುವುದಿಲ್ಲ ಎಂಬುದು ಅದರ ತಿರುಳು. ಕಂಪನಿಯ ಐದು ವರ್ಷ ಕಳೆದವು. ಜಮೀನು ಕೊಳ್ಳುವ ಮೊದಲು ನಕಾಶೆ ನೋಡಿದ್ದರೆ ಇಷ್ಟೆಲ್ಲ ಆಗುತ್ತಿರಲಿಲ್ಲ.

ನಮ್ಮಲ್ಲೂ ಹಾಗೆಯೇ. ಕಾಗಿಣಾ ನದಿಯ ದಂಡೆ, ಊರಿನ ಕುಡಿಯುವ ನೀರಿನ ಬಾವಿ, ಶಾಲೆಯ ಗೋಡೆ, 2011ರಲ್ಲಿ ಘೋಷಣೆಯಾದ ಚಿಂಚೋಳಿ ವನ್ಯಜೀವಿ ಧಾಮದ ಅಂಚು, ಇವು ಹತ್ತಿರವಿದ್ದರೆ ಮೊದಲು ವಿಚಾರಿಸಿ, ಆಮೇಲೆ ಜಮೀನಿಗೆ ಸಂಚಕಾರ ಕೊಡಿರಿ.

ಪಕ್ಕದ ಮನೆಯವರ ಹಕ್ಕು

ಮಷಿನಿನ ಒಡೆಯನಷ್ಟೇ ನಮ್ಮವನಲ್ಲ. ಅದರ ಧೂಳು ಕುಡಿಯುವ ಕೆಲಸಗಾರನೂ ನಮ್ಮವನು, ಕೆಸರು ನೀರು ಹೊಲಕ್ಕೆ ಹರಿದುಬಂದ ರೈತನೂ ನಮ್ಮವನು. ಮಂಡಳಿಯ ಅಧಿಕಾರಿ ಸ್ಥಳಕ್ಕೆ ಬಂದು ನೋಡಲು ತೆಗೆದುಕೊಳ್ಳುವ ಸಮಯ ಇವರ ರಕ್ಷಣೆಗಾಗಿ ಇರುವುದು. ಆ ಸಮಯವನ್ನು ನಾವು ಗೌರವಿಸಬೇಕು. ನೋಡದೆ ಸುಮ್ಮನೆ ಇಟ್ಟ ಕಡತದಿಂದ ಇವರಿಗೂ ಲಾಭವಿಲ್ಲ. ಕಾಯ್ದು ಬೇಸತ್ತವನು ಕದ್ದು ಮಷಿನ್ ನಡೆಸುತ್ತಾನೆ. ಆಗ ತೊಟ್ಟಿಯೂ ಇಲ್ಲ, ನೀರು ಚಿಮುಕಿಸುವ ವ್ಯವಸ್ಥೆಯೂ ಇಲ್ಲ, ಪರವಾನಗಿಯ ಷರತ್ತೂ ಇಲ್ಲ.

ದೊಡ್ಡ ಕಾರ್ಖಾನೆ ಅಥವಾ ಗಣಿ ಬರುವಾಗ, ವಿಸ್ತರಣೆಯಾಗುವಾಗ ಸಾರ್ವಜನಿಕ ಅಹವಾಲು ಸಭೆ ನಡೆಯುತ್ತದೆ. 30 ದಿನ ಮುಂಚೆ ಪತ್ರಿಕೆಯಲ್ಲಿ ಪ್ರಕಟಣೆ ಬರಬೇಕು. ಪರಿಸರ ವರದಿಯ ಸಾರಾಂಶ ಇಂಗ್ಲಿಷಿನ ಜೊತೆಗೆ ಸ್ಥಳೀಯ ಭಾಷೆಯಲ್ಲೂ ಇರಬೇಕೆಂದು ಅಧಿಸೂಚನೆಯೇ ಹೇಳುತ್ತದೆ. ವಿದ್ಯಾರ್ಥಿಗಳೇ, ಆ ಕನ್ನಡ ಸಾರಾಂಶವನ್ನು ತಂದು ನಿಮ್ಮ ಓಣಿಯಲ್ಲಿ ಓದಿ ಹೇಳಿರಿ. ಉರ್ದು ಮಾತ್ರ ಬಲ್ಲ ಅಜ್ಜಿಗೆ ಉರ್ದುವಿನಲ್ಲಿ ತಿಳಿಸಿರಿ. ಎಷ್ಟು ನೀರು ತೆಗೆಯುತ್ತಾರೆ, ಧೂಳಿಗೆ ಏನು ಮಾಡುತ್ತಾರೆ, ಊರಿನ ಎಷ್ಟು ಜನರಿಗೆ ಕೆಲಸ ಎಂದು ಸಭೆಯಲ್ಲಿ ಕೇಳಿರಿ. ಕೊಟ್ಟ ಅನುಮತಿ ತಪ್ಪೆನಿಸಿದರೆ ಬಾಧಿತರಾದ ನೆರೆಯವರೂ ಅದೇ 30 ದಿನಗಳಲ್ಲಿ ಹಸಿರು ನ್ಯಾಯಮಂಡಳಿಗೆ ಹೋಗಬಹುದು.

ಕೊನೆಯ ಮಾತು

ಸಂಘದ ಹಿರಿಯರಲ್ಲಿ ಒಂದು ವಿನಂತಿ. ನಮ್ಮಲ್ಲಿ ವಕೀಲರಿದ್ದಾರೆ, ನಿವೃತ್ತ ನೌಕರರಿದ್ದಾರೆ, ಕಂಪ್ಯೂಟರ್ ಬಲ್ಲ ಯುವಕ ಯುವತಿಯರಿದ್ದಾರೆ. ತಿಂಗಳಿಗೊಂದು ಭಾನುವಾರ ಎರಡು ತಾಸು ಕುಳಿತು, ಬಂದವರ ಅರ್ಜಿ ಪೂರ್ಣವಾಗಿದೆಯೇ ಎಂದು ನೋಡಿ, ಅವಧಿ ಯಾವ ದಿನ ಮುಗಿಯುತ್ತದೆ ಎಂದು ಬರೆದುಕೊಟ್ಟರೆ ಸಾಕು. ಬಹಳ ಜನರಿಗೆ ಕೋರ್ಟಿನ ಮೆಟ್ಟಿಲು ಹತ್ತುವ ಪ್ರಸಂಗವೇ ಬರಲಿಕ್ಕಿಲ್ಲ.

ವಿದ್ಯಾರ್ಥಿಗಳಿಗೆ ಇಷ್ಟೇ ಹೇಳುತ್ತೇನೆ. ಈ ಐದು ಊರುಗಳಿಂದ ಪರಿಸರ ವಿಜ್ಞಾನ ಓದಿದವರು ಬೇಕು, ಪರಿಸರ ಕಾನೂನು ಓದಿದ ವಕೀಲರು ಬೇಕು, ಮಂಡಳಿಯ ಕುರ್ಚಿಯಲ್ಲಿ ಕುಳಿತು ನಾಲ್ಕು ತಿಂಗಳೊಳಗೆ ನೇರವಾಗಿ ‘ಹೌದು’ ಅಥವಾ ‘ಇಲ್ಲ’ ಎಂದು ಬರೆಯುವ ಅಧಿಕಾರಿಗಳೂ ಬೇಕು. ಆ ಕುರ್ಚಿಗೆ ನಿಮ್ಮಲ್ಲಿ ಯಾರಾದರೂ ತಲುಪಿದ ದಿನ, ಮೇಜಿನ ಮೇಲಿರುವ ಪ್ರತಿ ಕಡತದ ಹಿಂದೆ ಒಂದು ಮನೆಯ ಬಡ್ಡಿ ಓಡುತ್ತಿದೆ, ಒಂದು ಊರಿನ ಬಾವಿಯೂ ಇದೆ ಎಂಬುದನ್ನು ಮರೆಯಬೇಡಿರಿ.